ಹೊಡೆತದ ಲೆಕ್ಕ

ಕ್ರಿ.ಶ. 950ರಲ್ಲಿ ರೋಣ ಸೀಮೆಯ ನರೇಗಲ್ಲಿನಲ್ಲಿ ಒಂದು ಬಸದಿ ಎದ್ದಿತು. ಕಟ್ಟಿಸಿದವಳು ಗಂಗ ದೊರೆ ಇಮ್ಮಡಿ ಬೂತುಗನ ರಾಣಿ ಪದ್ಮಬ್ಬರಸಿ. ಬಸದಿಗೆ ಒಂದು ದಾನಶಾಲೆಯೂ ಇತ್ತು. ಅದಕ್ಕೆ ಬಿಟ್ಟ ದತ್ತಿಯ ಶಾಸನ ಇಂದಿಗೂ ಉಳಿದಿದೆ. ಇರುವೆಯನ್ನೂ ತುಳಿಯದೆ ನೋಡಿ ನಡೆ ಎನ್ನುವ ಧರ್ಮದ ಮನೆ ಅದು. ಅದಕ್ಕೆ ಹಿಂದಿನ ವರ್ಷವಷ್ಟೇ, 949ರಲ್ಲಿ, ರಾಣಿಯ ಗಂಡ ತಕ್ಕೋಲದ ಕಾಳಗದಲ್ಲಿ ಚೋಳ ರಾಜಕುಮಾರ ರಾಜಾದಿತ್ಯನನ್ನು ಕೊಂದಿದ್ದ.

ಗೆದ್ದವನಿಗೆ ಸಿಕ್ಕಿದ್ದೇನು ಎಂಬುದನ್ನು ಮಂಡ್ಯ ಜಿಲ್ಲೆಯ ಆತಕೂರಿನ ಶಾಸನ ಪಟ್ಟಿ ಮಾಡಿ ಹೇಳುತ್ತದೆ. ಮೆಚ್ಚಿದ ರಾಷ್ಟ್ರಕೂಟ ಮುಮ್ಮಡಿ ಕೃಷ್ಣ ಅವನಿಗೆ ಬನವಾಸಿ, ಬೆಳ್ವೊಲ, ಪುರಿಗೆರೆ, ಕಿಸುಕಾಡು, ಬಾಗೆನಾಡುಗಳನ್ನು ಕೊಟ್ಟ. ಇಂದಿನ ರೋಣ, ನರಗುಂದ, ಗಜೇಂದ್ರಗಡ ತಾಲೂಕುಗಳ ಬಹುಪಾಲು ನೆಲ ಬೆಳ್ವೊಲ ಮುನ್ನೂರು, ಕಿಸುಕಾಡು ಎಪ್ಪತ್ತರೊಳಗೇ ಬರುತ್ತಿತ್ತು. ಕಿಸುಕಾಡಿನ ರಾಜಧಾನಿಯಾಗಿದ್ದ ಸೂಡಿ ಗಜೇಂದ್ರಗಡದ ಹತ್ತಿರವೇ ಇದೆ. ಅಂದರೆ ಈ ಸೀಮೆಯ ಎರೆ ಹೊಲಗಳೆಲ್ಲ ಒಂದು ಕಾಲಕ್ಕೆ ಒಬ್ಬ ಹೋರಾಟಗಾರನ ಒಂದು ಹೊಡೆತಕ್ಕೆ ಸಂದ ಬಹುಮಾನ. (ಹೆಬ್ಬಾಳದ ಶಾಸನ ಬೇರೆ ಮಾತು ಹೇಳುತ್ತದೆ. ಅದರ ಪ್ರಕಾರ ಬೆಳ್ವೊಲ, ಕಿಸುಕಾಡು ಮೊದಲಾದವು ಬೂತುಗ ಕೃಷ್ಣನ ಅಕ್ಕನನ್ನು ಮದುವೆಯಾದಾಗಲೇ ಬಂದ ಬಳುವಳಿ. ಬಹುಮಾನದ ಲೆಕ್ಕದಲ್ಲಿ ಗೊಂದಲ ಆಗಲೂ ಇತ್ತು.) ಚೋಳರಾದರೋ ಸೋತ ರಾಜಾದಿತ್ಯನನ್ನು ಆನೆಯ ಮೇಲೆಯೇ ಮಡಿದ ವೀರನೆಂದು ಶಾಸನಗಳಲ್ಲಿ ಕೊಂಡಾಡಿದರು.

ಗಂಡನ ಕತ್ತಿ, ಹೆಂಡತಿಯ ಬಸದಿ. ಇದನ್ನು ಬೂಟಾಟಿಕೆ ಎಂದು ತಳ್ಳಿಹಾಕುವುದು ಸುಲಭ. ಆದರೆ ಜೈನ ಆಚಾರ್ಯರು ಈ ತೊಡಕನ್ನು ಕಂಡೂ ಕಾಣದಂತೆ ಇದ್ದವರಲ್ಲ. ಗೃಹಸ್ಥನ ಹಿಂಸೆಯನ್ನು ಅವರು ನಾಲ್ಕಾಗಿ ವಿಂಗಡಿಸಿದರು. ಕೊಲ್ಲಲೇಬೇಕು, ನೋಯಿಸಲೇಬೇಕು ಎಂದು ಮನಸ್ಸು ಮಾಡಿ ಮಾಡುವುದು ಸಂಕಲ್ಪೀ. ಒಲೆ ಹಚ್ಚುವಾಗ, ಕಾಳು ಬೀಸುವಾಗ ತಾನಾಗಿ ಆಗುವುದು ಆರಂಭೀ. ಹೊಟ್ಟೆಪಾಡಿನ ಕಸುಬಿನಲ್ಲಿ ಆಗುವುದು ಉದ್ಯೋಗೀ. ಮೇಲೆ ಬಿದ್ದವನನ್ನು ಎದುರಿಸುವಾಗ ಆಗುವುದು ವಿರೋಧೀ. ಮುನಿಗೆ ನಾಲ್ಕೂ ನಿಷಿದ್ಧ. ಗೃಹಸ್ಥನಾದ ಶ್ರಾವಕ ಪೂರ್ತಿಯಾಗಿ ಬಿಡಬೇಕಾದದ್ದು ಮೊದಲನೆಯದನ್ನು. ಉಳಿದ ಮೂರನ್ನು ಆದಷ್ಟು ಕಡಿಮೆ ಮಾಡಬೇಕು.

ಈ ವಿಂಗಡಣೆ ಇಂದಿಗೂ ಉಪಯೋಗಕ್ಕೆ ಬರುತ್ತದೆ. ಮುಂಗಾರಿಗೆ ರೋಣದ ರೈತ ಕುಂಟೆ ಹೊಡೆದಾಗ ಸಾಯುವ ಹುಳುಗಳು ಉದ್ಯೋಗೀ ಹಿಂಸೆಯ ಲೆಕ್ಕಕ್ಕೆ ಸೇರುತ್ತವೆ, ತಕರಾರಿಲ್ಲ. ನರಗುಂದದ ಬಾಬಾಸಾಹೇಬ 1858ರಲ್ಲಿ ಬ್ರಿಟಿಷರ ವಿರುದ್ಧ ಎದ್ದದ್ದು ವಿರೋಧೀ ಎನ್ನಬಹುದು. ಆದರೆ ಆ ಮೇ 29ರ ರಾತ್ರಿ ಸುರೇಬಾನದಲ್ಲಿ ಕೊಂದ ಪೊಲಿಟಿಕಲ್ ಏಜೆಂಟ್ ಮ್ಯಾನ್ಸನ್‌ನ ತಲೆಯನ್ನು ತಂದು ನರಗುಂದದ ಬಾಗಿಲಿಗೆ ತೂಗುಹಾಕಿದ್ದು? ಅಲ್ಲಿ ಖಾನೆಗಳು ಒಂದರೊಳಗೊಂದು ಬೆರೆತುಹೋಗುತ್ತವೆ. ಎರಡು ವಾರದೊಳಗೆ ಬೆಳಗಾವಿಯಲ್ಲಿ ಬಾಬಾಸಾಹೇಬನನ್ನೂ ಗಲ್ಲಿಗೇರಿಸಿದರು.

ಹಾಗಾದರೆ ದುಡ್ಡಿಗಾಗಿ ಇನ್ನೊಬ್ಬನ ತಲೆಗೆ ಗುದ್ದುವವನನ್ನು ಯಾವ ಖಾನೆಯಲ್ಲಿ ಬರೆಯಬೇಕು?

ಈ ಸೀಮೆಯ ಜಾತ್ರೆಗಳಲ್ಲಿ ಕುಸ್ತಿ ನೋಡಿದವರಿಗೆ ಪ್ರಶ್ನೆಯ ಮೊನೆ ಬೇಗ ತಾಗುತ್ತದೆ. ಹಲಗಿ ಬಡಿತದ ನಡುವೆ ಇಬ್ಬರು ಪೈಲ್ವಾನರು ಕೈ ಕೂಡಿಸಿ, ಮಟ್ಟಿಯ ಮಣ್ಣು ಮೈಗೆ ಹಚ್ಚಿಕೊಂಡು ಹಿಡಿಯುತ್ತಾರೆ. ಒಬ್ಬನ ಬೆನ್ನು ನೆಲಕ್ಕೆ ಹತ್ತಿತೆಂದರೆ ಚಿತ್, ಆಟ ಮುಗಿಯಿತು. ಸೋತವನು ಮಣ್ಣು ಕೊಡವಿಕೊಂಡು ಎದ್ದು ಹೋಗುತ್ತಾನೆ. ಪೆಟ್ಟಾಗಬಹುದು, ಭುಜ ಕೀಲು ತಪ್ಪಬಹುದು. ಆದರೆ ಗೆಲ್ಲಲು ಪೆಟ್ಟು ಬೇಕಿಲ್ಲ. ಬಾಕ್ಸಿಂಗ್‌ನಲ್ಲಿ ಹಾಗಲ್ಲ. ನಾಕೌಟ್ ಎಂದರೆ ಎದುರಾಳಿಯ ಮಿದುಳು ಒಂದು ಗಳಿಗೆ ಕೆಲಸ ನಿಲ್ಲಿಸುವಂತೆ ಹೊಡೆಯುವುದು. ಅಲ್ಲಿ ಗಾಯ ಆಕಸ್ಮಿಕವಲ್ಲ, ಅದೇ ಗುರಿ. ಕುಸ್ತಿಯನ್ನು ಉದ್ಯೋಗೀ ಎಂದು ಬಿಟ್ಟುಕೊಡಬಲ್ಲ ಆಚಾರ್ಯರೂ ಇಲ್ಲಿ ಲೇಖನಿ ಎತ್ತಿ ಯೋಚಿಸಬೇಕಾಗುತ್ತದೆ.

ಲೋಕ ಇಟ್ಟುಕೊಂಡಿರುವ ದಾಖಲೆಗೆ ಈ ಚಿಂತೆ ಇಲ್ಲ. ಅದಕ್ಕೆ ಬೇಕಾದ್ದು ಅಂಕಿ. ಮುಹಮ್ಮದ್ ಅಲಿ: 61 ಪಂದ್ಯ, 56 ಗೆಲುವು, ಅದರಲ್ಲಿ 37 ನಾಕೌಟ್, 5 ಸೋಲು. 1960ರ ರೋಮ್ ಒಲಿಂಪಿಕ್ಸ್‌ನಲ್ಲಿ ಲೈಟ್ ಹೆವಿವೇಟ್ ಚಿನ್ನ. 1964ರ ಫೆಬ್ರವರಿ 25ರಂದು ಮಿಯಾಮಿ ಬೀಚ್‌ನಲ್ಲಿ ಸನ್ನಿ ಲಿಸ್ಟನ್‌ನನ್ನು ಸೋಲಿಸಿ 22ನೇ ವಯಸ್ಸಿಗೆ ಹೆವಿವೇಟ್ ಚಾಂಪಿಯನ್. 1974ರಲ್ಲಿ ಕಿನ್ಶಾಸಾದಲ್ಲಿ ಜಾರ್ಜ್ ಫೋರ್‌ಮನ್ ಮೇಲೆ, 1978ರಲ್ಲಿ ಲಿಯಾನ್ ಸ್ಪಿಂಕ್ಸ್ ಮೇಲೆ ಗೆದ್ದು ಮೂರು ಸಲ ಪಟ್ಟ ಹಿಡಿದ ಮೊದಲ ಹೆವಿವೇಟ್. ಇಷ್ಟನ್ನು ಬಾಕ್ಸಿಂಗ್ ಬಲ್ಲ ಯಾರಾದರೂ ಬಾಯಿಪಾಠ ಒಪ್ಪಿಸುತ್ತಾರೆ.

ಆದರೆ ಧರ್ಮದ ಪ್ರಶ್ನೆ ಕೇಳುವವರು ಈ ಪಟ್ಟಿಯಲ್ಲಿ ನಿಲ್ಲಬೇಕಾದದ್ದು 1967ರಲ್ಲಿ, ಅದೂ ಹ್ಯೂಸ್ಟನ್ ಎಂಬ ಒಂದೇ ಊರಿನಲ್ಲಿ.

ಆ ವರ್ಷ ಫೆಬ್ರವರಿ 6ರಂದು ಅಲಿ ಅಲ್ಲಿ ಅರ್ನಿ ಟೆರೆಲ್ ಎಂಬವನ ಜೊತೆ ಸೆಣಸಿದ. ಪಂದ್ಯಕ್ಕೆ ಮೊದಲು ಟೆರೆಲ್ ಅವನನ್ನು ಹಳೆಯ ಹೆಸರಿನಿಂದ, ಕ್ಲೇ ಎಂದು ಕರೆದಿದ್ದ. ಇಸ್ಲಾಂ ಸೇರಿ ಪಡೆದ ಹೆಸರು ಅಲಿಗೆ ದೀಕ್ಷೆಯ ಹೆಸರಿದ್ದಂತೆ. ರಿಂಗಿನಲ್ಲಿ ಅವನು ಗುದ್ದುತ್ತ, ನನ್ನ ಹೆಸರೇನು ಹೇಳು ಎಂದು ಕೂಗುತ್ತ ಹೋದ. 15 ರೌಂಡೂ ನಡೆದ ಆ ಪಂದ್ಯ ನೋಡಿದ ಪತ್ರಕರ್ತರಲ್ಲಿ ಹಲವರು, ಬೇಗ ಮುಗಿಸಬಹುದಾದದ್ದನ್ನು ಬೇಕೆಂದೇ ಎಳೆದು ಹಿಂಸಿಸಿದ ಎಂದು ಬರೆದರು. ಇದು ಸಂಕಲ್ಪೀ ಹಿಂಸೆ ಅಲ್ಲದಿದ್ದರೆ ಮತ್ತಾವುದು? ದಾಖಲೆಯಲ್ಲಿ ಮಾತ್ರ ಅದು ಅಂಕಗಳ ಮೇಲೆ ಬಂದ ಒಂದು ಸಭ್ಯ ಗೆಲುವು.

ಮೂರು ತಿಂಗಳು ತುಂಬುವುದರೊಳಗೆ, ಏಪ್ರಿಲ್ 28ರಂದು, ಅದೇ ಹ್ಯೂಸ್ಟನ್‌ನಲ್ಲಿ ಸೇನಾ ಭರ್ತಿಗೆ ಹೆಸರು ಕೂಗಿದಾಗ ಅದೇ ಮನುಷ್ಯ ಹೆಜ್ಜೆ ಮುಂದಿಡಲಿಲ್ಲ. ವಿಯೆಟ್ನಾಂ ಯುದ್ಧಕ್ಕೆ ಹೋಗುವುದು ತನ್ನ ಧರ್ಮಕ್ಕೆ ವಿರುದ್ಧ ಎಂದ. ಪಟ್ಟ ಹೋಯಿತು, ಲೈಸೆನ್ಸ್ ಹೋಯಿತು. ಜೂನ್‌ನಲ್ಲಿ ಐದು ವರ್ಷ ಜೈಲು, ಹತ್ತು ಸಾವಿರ ಡಾಲರ್ ದಂಡದ ತೀರ್ಪು ಬಂತು. ಮೇಲ್ಮನವಿಯ ಮೇಲೆ ಜಾಮೀನು ಸಿಕ್ಕಿದ್ದರಿಂದ ಜೈಲಿಗೆ ಹೋಗಲಿಲ್ಲ, ಆದರೆ 1970ರ ಅಕ್ಟೋಬರ್ 26ರವರೆಗೆ ರಿಂಗಿಗೂ ಇಳಿಯಲಾಗಲಿಲ್ಲ. ಒಬ್ಬ ಬಾಕ್ಸರನ ಮೈ ಪೂರ್ತಿ ಮಾಗಿರುವ 25ರಿಂದ 28ರ ವಯಸ್ಸು ದಾಖಲೆಯಲ್ಲಿ ಖಾಲಿ ಜಾಗ. ಟೆರೆಲ್‌ನನ್ನು ಕಾಡಿದ ಅದೇ ಕೈ ಬಂದೂಕು ಮುಟ್ಟಲು ಒಲ್ಲೆ ಎಂದಿತು. ಸಂತನೆಂದು ಕೊಂಡಾಡುವವರು ಮೊದಲನೆಯದನ್ನು ಮರೆಯುತ್ತಾರೆ. ಡೋಂಗಿ ಎಂದು ಜರೆದವರು ಎರಡನೆಯದಕ್ಕೆ ಅವನು ತೆತ್ತ ಬೆಲೆಯನ್ನು ಮರೆತರು.

ನ್ಯಾಯಾಲಯಕ್ಕೂ ಇದು ನುಂಗಲಾರದ ತುತ್ತಾಯಿತು. ಅಮೆರಿಕದ ಕಾನೂನಿನಲ್ಲಿ ಧರ್ಮದ ಕಾರಣಕ್ಕೆ ಸೇನೆಯಿಂದ ವಿನಾಯಿತಿ ಬೇಕಾದರೆ ಮೂರು ಪರೀಕ್ಷೆ: ಎಲ್ಲ ಬಗೆಯ ಯುದ್ಧಕ್ಕೂ ವಿರೋಧ ಇರಬೇಕು, ಆ ವಿರೋಧ ಧಾರ್ಮಿಕ ನಂಬಿಕೆಯಿಂದ ಬಂದಿರಬೇಕು, ನಂಬಿಕೆ ಪ್ರಾಮಾಣಿಕ ಆಗಿರಬೇಕು. ಕೊನೆಯ ಎರಡನ್ನು ಸರ್ಕಾರವೇ ಕೊನೆಗೆ ಒಪ್ಪಿಕೊಂಡಿತು. ತೊಡಕು ಮೊದಲನೆಯದರಲ್ಲಿ. ದೇವರೇ ಸಾರಿದ ಧರ್ಮಯುದ್ಧವಾದರೆ ಹೋರಾಡುತ್ತೇನೆ ಎಂಬ ಅರ್ಥದ ಮಾತನ್ನು ಅಲಿ ಆಡಿದ್ದ. ಹಾಗಾದರೆ ಅವನು ಎಲ್ಲ ಯುದ್ಧಕ್ಕೂ ವಿರೋಧಿಯೇ? 1971ರ ಜೂನ್ 28ರಂದು ಸುಪ್ರೀಂ ಕೋರ್ಟ್ 8-0ರಿಂದ ಶಿಕ್ಷೆ ರದ್ದು ಮಾಡಿತು, ಆದರೆ ಈ ಗಂಟನ್ನು ಬಿಚ್ಚಲಿಲ್ಲ. ಅಲಿಯ ವಿನಾಯಿತಿ ಅರ್ಜಿ ತಿರಸ್ಕರಿಸಿದ ಮಂಡಳಿ ಮೂರರಲ್ಲಿ ಯಾವ ಕಾರಣಕ್ಕೆ ತಿರಸ್ಕರಿಸಿತೆಂದು ಹೇಳಿಲ್ಲ ಎಂಬ ಸಣ್ಣ ಬಾಗಿಲಿನಿಂದ ಹೊರಬಂದಿತು. ಜಾಣತನದ ತೀರ್ಪು. ತತ್ವದ ದೃಷ್ಟಿಯಿಂದ ನೋಡಿದರೆ ಅರ್ಧ ಉತ್ತರ.

ಇನ್ನೂ ಸೋಜಿಗದ ಸಂಗತಿ ಎಂದರೆ ಅವನ ಧರ್ಮಗುರುವಿಗೇ ಬಾಕ್ಸಿಂಗ್ ಹಿಡಿಸುತ್ತಿರಲಿಲ್ಲ. ದುಡ್ಡು ಬೇಕಾದರೆ ಮತ್ತೆ ರಿಂಗಿಗೆ ಇಳಿದೇನು ಎಂದು ಅಲಿ ಹೇಳಿದ್ದಕ್ಕೆ 1969ರಲ್ಲಿ ನೇಷನ್ ಆಫ್ ಇಸ್ಲಾಂ ನಾಯಕ ಎಲೈಜಾ ಮುಹಮ್ಮದ್ ಅವನನ್ನು ಪಂಥದಿಂದ ಅಮಾನತು ಮಾಡಿದ. ಯುದ್ಧ ಬೇಡವೆಂದದ್ದಕ್ಕೆ ಸರ್ಕಾರದ ಶಿಕ್ಷೆ, ಗುದ್ದಾಟ ಬೇಕೆಂದದ್ದಕ್ಕೆ ಗುರುವಿನ ಶಿಕ್ಷೆ.

ಇಬ್ಬರೂ ಒಪ್ಪಿ ರಿಂಗಿಗೆ ಇಳಿದ ಮೇಲೆ ಹಿಂಸೆಯ ಮಾತೇಕೆ ಎಂದು ವಾದಿಸುವವರಿದ್ದಾರೆ. ಒಪ್ಪಿಗೆ ದೊಡ್ಡ ಮಾತೇ. ದಾರಿಹೋಕನಿಗೆ ಗುದ್ದುವುದಕ್ಕೂ ಇದಕ್ಕೂ ಅಂತರವಿದೆ. ಆದರೂ 1982ರ ನವೆಂಬರ್ 13ರ ಲಾಸ್ ವೇಗಸ್ ಪಂದ್ಯದ ಮುಂದೆ ಆ ವಾದ ತಡವರಿಸುತ್ತದೆ. ರೇ ಮಾನ್ಸಿನಿ 14ನೇ ರೌಂಡಿನಲ್ಲಿ ದಕ್ಷಿಣ ಕೊರಿಯಾದ ಕಿಮ್ ದುಕ್ ಕೂನನ್ನು ಕೆಡವಿದ. ಕಿಮ್ ಕೆಲವೇ ದಿನಗಳಲ್ಲಿ ತೀರಿಕೊಂಡ. ಮುಂದಿನ ವರ್ಷ ಅವನ ತಾಯಿ ತನ್ನ ಜೀವ ತಾನೇ ಕಳೆದುಕೊಂಡಳು. ದೈವಭಕ್ತ ಕ್ಯಾಥೊಲಿಕ್ ಆಗಿದ್ದ ಮಾನ್ಸಿನಿ ಕಿಮ್‌ನ ಅಂತ್ಯಕ್ರಿಯೆಗೆ ಕೊರಿಯಾಕ್ಕೆ ಹೋಗಿಬಂದ. ಆ ಸಾವಿನ ಬಳಿಕ ವರ್ಲ್ಡ್ ಬಾಕ್ಸಿಂಗ್ ಕೌನ್ಸಿಲ್ ಪಟ್ಟದ ಪಂದ್ಯಗಳನ್ನು 15 ರೌಂಡಿನಿಂದ 12ಕ್ಕೆ ಇಳಿಸಿತು. ಮಾನ್ಸಿನಿಯ ಲೆಕ್ಕದಲ್ಲಿ ಆ ಪಂದ್ಯ ಇಂದಿಗೂ ಗೆಲುವೆಂದೇ ಇದೆ. ಕಿಮ್ ಒಪ್ಪಿದ್ದು ಪಂದ್ಯಕ್ಕೆ. ತಾಯಿ ಯಾವುದಕ್ಕೂ ಒಪ್ಪಿರಲಿಲ್ಲ.

ನಮ್ಮಲ್ಲೂ ಮುಷ್ಟಿಕಾಳಗ ಉಂಟು. ಮೈಸೂರು ಅರಮನೆಯಲ್ಲಿ ವಿಜಯದಶಮಿಯ ದಿನ ಜಟ್ಟಿಗಳು ಆಡುವ ವಜ್ರಮುಷ್ಟಿಯಲ್ಲಿ ಬೆರಳಿಗೆ ಮೊನೆಯುಳ್ಳ ಆಯುಧ ತೊಟ್ಟು ಬೋಳಿಸಿದ ತಲೆಗೆ ಗುರಿಯಿಡುತ್ತಾರೆ. ನೋಡಲು ಬಾಕ್ಸಿಂಗಿಗಿಂತ ಕ್ರೂರ. ಆದರೆ ಮೊದಲ ಹನಿ ರಕ್ತ ಕಂಡ ಕೂಡಲೇ ನಿಲ್ಲಿಸುತ್ತಾರೆ. ಹಲವು ಸಲ ಒಂದು ನಿಮಿಷವೂ ಹಿಡಿಯುವುದಿಲ್ಲ. ಯಾವ ಜಟ್ಟಿ ಎಷ್ಟು ಗೆದ್ದ ಎಂಬ ಅಂಕಿಪಟ್ಟಿ ಊರವರ ಬಾಯಲ್ಲಿ ಇಲ್ಲ. ಅಲ್ಲಿ ರಕ್ತ ದೇವಿಗೆ ಸಂದದ್ದು, ಆಡಿದವನ ಗಳಿಕೆಯಲ್ಲ. ದೇವರ ಹೆಸರಿನಲ್ಲಿ ಹರಿಸಿದ ರಕ್ತ ಹಿಂಸೆಯಲ್ಲವೇ ಎಂದು ಜೈನನೊಬ್ಬ ಕೇಳಿದರೆ ಉತ್ತರ ಕೊಡುವುದು ಕಷ್ಟ. ಆದರೂ ಎಲ್ಲಿಗೆ ನಿಲ್ಲಿಸಬೇಕೆಂಬುದನ್ನು ಮೊದಲೇ ಗೊತ್ತುಮಾಡಿಕೊಂಡ ಆಟ ಅದು ಎಂಬುದನ್ನು ಅವನೂ ಒಪ್ಪಬೇಕು.

ಈ ಚರ್ಚೆ ಕನ್ನಡದಲ್ಲಿ ಎಲ್ಲಿ ಶುರುವಾದರೂ ಬಾಹುಬಲಿಯ ಹತ್ತಿರ ಬಂದು ನಿಲ್ಲುವುದು ರೂಢಿ. ಅಣ್ಣ ಭರತನನ್ನು ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಮೂರರಲ್ಲೂ ಗೆದ್ದು, ಎತ್ತಿ ಹಿಡಿದವನನ್ನು ನೆಲಕ್ಕೆ ಅಪ್ಪಳಿಸದೆ ಇಳಿಸಿ, ರಾಜ್ಯ ಬಿಟ್ಟು ನಡೆದವನು. ಕತೆ ದೊಡ್ಡದು, ನಿಜ. ಆದರೆ ಬಾಹುಬಲಿ ಗೆದ್ದ ಮೇಲೆ ಬಿಟ್ಟ. ಅವನಿಗಿಂತ ಈ ಲೆಕ್ಕಕ್ಕೆ ಹತ್ತಿರದವನು ಇಮ್ಮಡಿ ಬೂತುಗನ ಮಗ ಮಾರಸಿಂಹ. ಶ್ರವಣಬೆಳಗೊಳದ ಕೂಗೆ ಬ್ರಹ್ಮದೇವರ ಕಂಬದ ಮೇಲೆ ಅವನ ಯುದ್ಧಗಳ ಪಟ್ಟಿ ಇದೆ: ಯಾರನ್ನು ಸೋಲಿಸಿದ, ಯಾವ ಕೋಟೆ ಹಿಡಿದ, ಯಾರ ಪಟ್ಟ ಉಳಿಸಿಕೊಟ್ಟ ಎಂದು ಸಾಲುಸಾಲಾಗಿ. ಬಾಕ್ಸಿಂಗ್ ದಾಖಲೆಯಷ್ಟೇ ಗರ್ವದ ಪಟ್ಟಿ. ಕೊನೆಯಲ್ಲಿ ಮಾತ್ರ ಧಾಟಿ ಬದಲಾಗುತ್ತದೆ. ರಾಜ್ಯ ಬಿಟ್ಟು, ಬಂಕಾಪುರದಲ್ಲಿ ಅಜಿತಸೇನ ಭಟ್ಟಾರಕರ ಸನ್ನಿಧಿಯಲ್ಲಿ ಮೂರು ದಿನ ಸಲ್ಲೇಖನ ವ್ರತ ಹಿಡಿದು ಪ್ರಾಣಬಿಟ್ಟ ಎಂದು ಬರೆದಿದೆ. ಗೆಲುವುಗಳನ್ನು ಅಳಿಸಿಲ್ಲ, ಅದೇ ಕಲ್ಲಿನ ಮೇಲೆ ಅವನ್ನು ಕೆಳಗಿಟ್ಟದ್ದನ್ನೂ ಕೊರೆದಿದ್ದಾರೆ. ಗಂಗರ ಕವಿಗೆ ಇವೆರಡೂ ಒಂದೇ ಬಾಳಿನ ಸಾಧನೆಯಾಗಿ ಕಂಡಿದ್ದವು.

ಅಲಿಗೆ ಕೆಳಗಿಡುವುದು ಬರಲಿಲ್ಲ. ಮೂತ್ರಪಿಂಡ ಕೆಡುತ್ತಿದೆ, ನಿಲ್ಲಿಸು ಎಂದ ವೈದ್ಯ ಫರ್ಡಿ ಪಚೇಕೊ 1977ರಲ್ಲಿ ಬಳಗ ಬಿಟ್ಟು ಹೋದ. 1980ರ ಅಕ್ಟೋಬರ್‌ನಲ್ಲಿ ಲ್ಯಾರಿ ಹೋಮ್ಸ್ 38 ವರ್ಷದ ಅಲಿಯನ್ನು ಹತ್ತು ರೌಂಡ್ ಬಡಿದ. ಆಮೇಲೆ ತರಬೇತುದಾರ ಆಂಜೆಲೊ ಡಂಡಿ ಪಂದ್ಯ ನಿಲ್ಲಿಸಿದ. ಅಷ್ಟಾದರೂ 1981ರ ಡಿಸೆಂಬರ್‌ನಲ್ಲಿ ಇನ್ನೊಂದು ಪಂದ್ಯ, ಇನ್ನೊಂದು ಸೋಲು. 1984ರಲ್ಲಿ ಪಾರ್ಕಿನ್ಸನ್ ಎಂದು ಗೊತ್ತಾಯಿತು. ಎದುರಾಳಿಯ ಮೇಲಿನ ಹಿಂಸೆಯನ್ನಷ್ಟೇ ಎಣಿಸಿದರೆ ಲೆಕ್ಕ ಅರ್ಧವಾಗುತ್ತದೆ ಎನ್ನಲು ಆ ನಡುಗುವ ಕೈಗಳೇ ಸಾಕು. ತನ್ನ ಪ್ರಾಣಕ್ಕೆ ತಾನು ಮಾಡುವ ಘಾತವೂ ಹಿಂಸೆಯೇ ಎಂದು ಜೈನ ಆಚಾರ್ಯರು ಒತ್ತಿ ಹೇಳಿದ್ದಾರೆ. ಸಲ್ಲೇಖನವೂ ಹಾಗೆಯೇ ಅಲ್ಲವೇ ಎಂದು ಕೇಳಿದವರಿಗೆ, ಅಲ್ಲಿ ರಾಗದ್ವೇಷ ಇರುವುದಿಲ್ಲ ಎಂಬುದು ಅವರ ಉತ್ತರ. ರಿಂಗಿನಲ್ಲಿ ಇರುವುದೆಲ್ಲ ಅದೇ.

ಅಲಿಯ ಪಟ್ಟಿಯಲ್ಲಿ ಅತ್ಯಂತ ಹೊಗಳಿಸಿಕೊಂಡ ಗೆಲುವು 1975ರ ಅಕ್ಟೋಬರ್ 1ರ ಮನಿಲಾದ್ದು. 14 ರೌಂಡ್ ಮುಗಿಯುವಷ್ಟರಲ್ಲಿ ಜೋ ಫ್ರೇಜಿಯರ್‌ನ ಕಣ್ಣುಗಳು ಬಾತು ಮುಚ್ಚಿಹೋಗಿದ್ದವು, ಅಲಿಯೂ ಕುಸಿಯುವ ಸ್ಥಿತಿಯಲ್ಲಿದ್ದ. ಫ್ರೇಜಿಯರ್ ಇನ್ನೊಂದು ರೌಂಡ್ ಆಡುತ್ತೇನೆಂದು ಹಟ ಹಿಡಿದ. ಅವನ ತರಬೇತುದಾರ ಎಡ್ಡಿ ಫಚ್ ಒಪ್ಪಲಿಲ್ಲ; ಕೂತಿದ್ದವನನ್ನು ಏಳಗೊಡದೆ ಪಂದ್ಯ ಮುಗಿಸಿದ. ಸಂಕಲ್ಪ ಮಾಡಿ ಹೊಡೆಯುವ ಕಸುಬಿನೊಳಗೆ ಸಂಕಲ್ಪ ಮಾಡಿ ನಿಲ್ಲಿಸಿದವರಲ್ಲಿ ಅವನೊಬ್ಬ. ದಾಖಲೆ ಅದನ್ನು ಅಲಿಗೆ ಗೆಲುವು, ಫ್ರೇಜಿಯರ್‌ಗೆ ಸೋಲು ಎಂದು ಬರೆದುಕೊಂಡಿತು. ಫಚ್‌ಗೆ ಅದರಲ್ಲಿ ಖಾನೆ ಇಲ್ಲ. ಫ್ರೇಜಿಯರ್ ಆ ಬಳಿಕ ಎರಡೇ ಪಂದ್ಯ ಆಡಿದ, 1976ರಲ್ಲಿ ಫೋರ್‌ಮನ್ ಎದುರು ಒಂದು, 1981ರಲ್ಲಿ ಇನ್ನೊಂದು. ಮನಿಲಾದ ತೀರ್ಮಾನದ ಬಗ್ಗೆ ಫಚ್ ಎಂದೂ ಮರುಗಲಿಲ್ಲ. ತನ್ನನ್ನು ಹೀಗಳೆದ ಅಲಿಯ ಮಾತುಗಳನ್ನು ಫ್ರೇಜಿಯರ್ ಬಹಳ ವರ್ಷ ಮರೆಯಲಿಲ್ಲ. 2001ರಲ್ಲಿ ಅಲಿ ಅದಕ್ಕೆ ಪತ್ರಿಕೆಯ ಮೂಲಕ ಕ್ಷಮೆ ಕೇಳಿದ.