ಸದ್ದು ನುಂಗುವ ಲೋಹ

ಎಷ್ಟು ಬಡಿದರೂ ಸದ್ದು ಮಾಡದ ಲೋಹವೊಂದಿದೆ. ಗುಂಡು ತಾಗಿದರೂ ಅದರ ಪೆಟ್ಟನ್ನೂ ಕಂಪನವನ್ನೂ ತನ್ನೊಳಗೆ ಹೀರಿಕೊಂಡು ಸುಮ್ಮನಿದ್ದುಬಿಡುತ್ತದೆ. ಅದರ ಹೆಸರು ವೈಬ್ರೇನಿಯಂ. ಅದು ಯಾವ ಗಣಿಯಲ್ಲೂ ಸಿಗದು. 1966ರಲ್ಲಿ ಅಮೆರಿಕದ ಮಾರ್ವೆಲ್ ಕಾಮಿಕ್ಸ್ ಪುಟಗಳಲ್ಲಿ ಹುಟ್ಟಿದ ಕಲ್ಪನೆಯ ಲೋಹ ಅದು. ಕಥೆಯ ಪ್ರಕಾರ ಈ ಲೋಹ ಉಲ್ಕೆಯಾಗಿ ಆಫ್ರಿಕಾದ ವಕಾಂಡ ಎಂಬ ನಾಡಿಗೆ ಬಿತ್ತು. ಅದರ ಬಲದಿಂದ ಅಲ್ಲಿನವರು ಜಗತ್ತಿನಲ್ಲೇ ಅತ್ಯಂತ ಮುಂದುವರಿದ ಜನರಾದರು. ಆದರೆ ದೋಚುವವರ ಭಯದಿಂದ ಆ ಸಂಪತ್ತನ್ನು ಬಚ್ಚಿಟ್ಟು, ಹೊರಗಿನವರ ಕಣ್ಣಿಗೆ ಬಡ ರೈತರ ದೇಶವಾಗಿ ಉಳಿದರು. 2018ರ ‘ಬ್ಲ್ಯಾಕ್ ಪ್ಯಾಂಥರ್’ ಚಲನಚಿತ್ರ ಈ ಕಥೆಯನ್ನು ಜಗತ್ತಿನಾದ್ಯಂತ ತಲುಪಿಸಿತು.

ಮಕ್ಕಳ ಕಥೆಯೆಂದು ತಳ್ಳಿಹಾಕುವ ಮುನ್ನ ಅದರೊಳಗಿನ ಪ್ರಶ್ನೆಯೊಂದನ್ನು ನಾವು ಕೇಳಿಸಿಕೊಳ್ಳಬೇಕು. ಅಮೆರಿಕದ ಓಕ್ಲೆಂಡ್ ನಗರದ ಬಡ ಬೀದಿಯಲ್ಲಿ ಬೆಳೆದ, ಅದೇ ರಾಜವಂಶದ ಯುವಕನೊಬ್ಬ ವಕಾಂಡಕ್ಕೆ ಬಂದು ದೊರೆಯನ್ನು ತರಾಟೆಗೆ ತೆಗೆದುಕೊಳ್ಳುತ್ತಾನೆ. ಜಗತ್ತಿನಾದ್ಯಂತ ಕಪ್ಪು ಜನ ತುಳಿತಕ್ಕೊಳಗಾದಾಗ ಇಷ್ಟೆಲ್ಲ ಇದ್ದ ನೀವು ಯಾಕೆ ಸುಮ್ಮನಿದ್ದಿರಿ ಎಂಬುದು ಅವನ ಪ್ರಶ್ನೆ. ಅವನು ಹುಡುಕಿಕೊಂಡ ಉತ್ತರ ಪ್ರತೀಕಾರ. ಅದು ತಪ್ಪು. ಆದರೆ ಉತ್ತರ ತಪ್ಪಾದ ಮಾತ್ರಕ್ಕೆ ಪ್ರಶ್ನೆ ತಪ್ಪಾಗುವುದಿಲ್ಲ. ದೊರೆ ಯುವಕನನ್ನು ಗೆಲ್ಲುತ್ತಾನೆ, ಅವನ ಪ್ರಶ್ನೆಗೆ ಮಾತ್ರ ಸೋಲುತ್ತಾನೆ. ಕೊನೆಗೆ ನಾಡಿನ ಬಾಗಿಲನ್ನು ಜಗತ್ತಿಗೆ ತೆರೆಯುತ್ತಾನೆ.

ಆಕಾಶದಿಂದ ಬಿದ್ದ ಲೋಹವನ್ನು ಯಾರೂ ದುಡಿದು ಗಳಿಸಿರಲಿಲ್ಲ. ನೆಲದೊಳಗಿನ ಸಂಪತ್ತೂ ಹಾಗೆಯೇ. ಅದು ಯಾರ ಕೈಗೆ ಸಿಕ್ಕಿತೋ ಅವರ ಬಳಿ ಇರುವ ಅಮಾನತ್ತು. ಹುದುಗಿದ ನಿಧಿ ದೊರೆತರೆ ಅದರ ಐದನೇ ಒಂದಂಶವನ್ನು ಕೊಡಬೇಕೆಂದು ಪ್ರವಾದಿವರ್ಯರು(ಸ) ವಿಧಿಸಿದ್ದಾರೆ. ಗಣಿಗಳಿಗೂ ಇದು ಅನ್ವಯಿಸುತ್ತದೆಯೇ ಎಂಬ ಬಗ್ಗೆ ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯವಿದೆಯಾದರೂ, ತಾನಾಗಿ ದೊರೆತದ್ದರಲ್ಲಿ ಇತರರಿಗೂ ಪಾಲಿದೆ ಎಂಬ ನೀತಿ ಸ್ಪಷ್ಟವಾಗಿದೆ. ತನ್ನ ಸಂಪತ್ತೆಲ್ಲ ತನ್ನ ಜ್ಞಾನದಿಂದಲೇ ಬಂತೆಂದು ಬೀಗಿದ ಕಾರೂನ್ ಆ ಸಂಪತ್ತಿನೊಂದಿಗೇ ಭೂಮಿಯೊಳಗೆ ಹುದುಗಿಹೋದ ವೃತ್ತಾಂತವನ್ನು ಪವಿತ್ರ ಕುರ್‌ಆನ್ ನಮ್ಮ ಮುಂದಿಟ್ಟಿದೆ.

ಇಷ್ಟಾದರೂ ವಕಾಂಡವನ್ನು ಪೂರ್ತಿ ದೂಷಿಸುವುದು ನ್ಯಾಯವಲ್ಲ. ಬಚ್ಚಿಡಲಾಗದ ಆಫ್ರಿಕಾದ ಗತಿ ಏನಾಯಿತೆಂಬುದಕ್ಕೆ ಕಾಂಗೋ ದೇಶ ಸಾಕ್ಷಿ. 1885ರಿಂದ 1908ರವರೆಗೆ ಬೆಲ್ಜಿಯಂ ದೊರೆ ಎರಡನೇ ಲಿಯೋಪೋಲ್ಡ್ ಅದನ್ನು ಸ್ವಂತ ಆಸ್ತಿಯಾಗಿ ಅನುಭವಿಸಿದ. ಆ ಆಳ್ವಿಕೆಯಲ್ಲಿ ರಬ್ಬರಿಗಾಗಿ ಜನರ ಕೈಗಳನ್ನೇ ಕತ್ತರಿಸಲಾಯಿತು. 1945ರಲ್ಲಿ ಹಿರೋಶಿಮಾವನ್ನು ಸುಟ್ಟ ಬಾಂಬಿನ ಯುರೇನಿಯಂನ ಬಹುಪಾಲು ಬಂದದ್ದು ಅಲ್ಲಿನ ಶಿಂಕೊಲೊಬ್ವೆ ಗಣಿಯಿಂದ. ಈಗ ಕೋಲ್ಟಾನ್ ಅದಿರಿನ ಸರದಿ.

ಈ ಅದಿರಿನಿಂದ ತೆಗೆಯುವ ಟ್ಯಾಂಟಲಂ ಲೋಹ ನಮ್ಮ ಜೇಬಿನಲ್ಲೇ ಇದೆ. ಸಣ್ಣ ಜಾಗದಲ್ಲಿ ಹೆಚ್ಚು ವಿದ್ಯುತ್ತನ್ನು ಹಿಡಿದಿಡುವ ಕೆಪಾಸಿಟರ್‌ಗಳಿಗೆ ಅದನ್ನು ಬಳಸುತ್ತಾರೆ. ಅದಕ್ಕೆ ಇನ್ನೊಂದು ವಿಸ್ಮಯದ ಗುಣವೂ ಇದೆ. ಲಿಥಿಯಂ ಜೊತೆ ಸೇರಿ ಹರಳಾದಾಗ ಅದು ರೇಡಿಯೋ ಸಂಕೇತವನ್ನು ಸದ್ದಿನ ಅಲೆಯಂತಹ ಸೂಕ್ಷ್ಮ ಕಂಪನವಾಗಿ ಮಾರ್ಪಡಿಸುತ್ತದೆ. ಮೊಬೈಲಿನಲ್ಲಿ ಇಂತಹ ಹರಳು ಬೇಕಾದ ಸಂಕೇತವನ್ನು ಆರಿಸಿ, ಬೇಡದ್ದನ್ನು ತಡೆಯುವ ಜರಡಿಯಾಗಿ ಕೆಲಸ ಮಾಡುತ್ತದೆ. ಮಾರ್ವೆಲ್‌ನವರು ಕಲ್ಪಿಸಿದ ಲೋಹದ ದೂರದ ಬಂಧುವೊಂದು ನಿಜಕ್ಕೂ ಆಫ್ರಿಕಾದ ನೆಲದಲ್ಲಿದೆ ಎಂದಾಯಿತು. ದುಬೈಯಲ್ಲಿರುವ ಮಗನ ದನಿ ಊರಿನ ತಾಯಿಯ ಕಿವಿಗೆ ಸ್ಪಷ್ಟವಾಗಿ ತಲುಪುವುದರಲ್ಲಿ ಅದಕ್ಕೂ ಪಾಲಿದೆ.

ಆದರೆ ಅದನ್ನು ಅಗೆದವನ ದನಿ? ಪೂರ್ವ ಕಾಂಗೋದ ರುಬಾಯದಲ್ಲಿ ಗುದ್ದಲಿ, ಸಲಿಕೆ ಹಿಡಿದವರು ಗುಡ್ಡ ಅಗೆದು, ಮಣ್ಣನ್ನು ನೀರಿನಲ್ಲಿ ತೊಳೆದು, ತಳದಲ್ಲಿ ನಿಂತ ಅದಿರನ್ನು ಚೀಲಗಳಲ್ಲಿ ಹೊರುತ್ತಾರೆ. 2024ರಲ್ಲಿ ಆ ಪ್ರದೇಶ ಎಂ23 ಬಂಡುಕೋರರ ವಶವಾಯಿತು. ಅಲ್ಲಿನ ಅದಿರಿನ ಮೇಲೆ ಅವರು ತಿಂಗಳಿಗೆ ಸುಮಾರು 8 ಲಕ್ಷ ಡಾಲರ್ ವಸೂಲು ಮಾಡುತ್ತಿದ್ದರೆಂದು ವಿಶ್ವಸಂಸ್ಥೆಯ ತಜ್ಞರು ಅಂದಾಜಿಸಿದರು. ಈ ಯುದ್ಧಗಳಲ್ಲಿ ಅತ್ಯಾಚಾರಕ್ಕೊಳಗಾದ ಸಾವಿರಾರು ಮಹಿಳೆಯರಿಗೆ ಬುಕಾವು ಪಟ್ಟಣದ ಪಾಂಜಿ ಆಸ್ಪತ್ರೆಯಲ್ಲಿ ಚಿಕಿತ್ಸೆ ನೀಡಿದ ಡಾ. ಡೆನಿಸ್ ಮುಕ್ವೆಗೆ 2018ರ ನೊಬೆಲ್ ಶಾಂತಿ ಪ್ರಶಸ್ತಿಯ ಸಹಭಾಗಿ. ಪ್ರಶಸ್ತಿ ಸ್ವೀಕರಿಸಿದ ದಿನ ಅವರು ನಮ್ಮ ಕೈಯಲ್ಲಿರುವ ಫೋನಿನ ಖನಿಜಗಳ ಬಗ್ಗೆಯೇ ಎಚ್ಚರಿಸಿದರು. ವಕಾಂಡದ ಕಥೆಗೆ ಜಗತ್ತು ಚಪ್ಪಾಳೆ ತಟ್ಟಿದ ವರ್ಷವೇ ಅದು. ಕಥೆ ನಮಗೆ ಕೇಳಿಸಿತು, ವೈದ್ಯರ ಮಾತು ಎಷ್ಟು ಮಂದಿಗೆ ಕೇಳಿಸಿತು? ನಮ್ಮ ಮನಸ್ಸಿನಲ್ಲೂ ಒಂದು ಜರಡಿಯಿದೆ. ಇಷ್ಟವಾದ ದನಿಯನ್ನು ಅದು ಒಳಗೆ ಬಿಡುತ್ತದೆ, ಮಿಕ್ಕಿದ್ದನ್ನು ಹೊರಗೇ ನಿಲ್ಲಿಸುತ್ತದೆ.

ಹಾಗಾದರೆ ಮೊಬೈಲನ್ನೇ ಬಿಟ್ಟುಬಿಡಬೇಕೇ? ಉತ್ತರ ಅಷ್ಟು ಸುಲಭವಲ್ಲ. ಇಂತಹ ಖನಿಜಗಳ ಮೂಲವನ್ನು ಬಹಿರಂಗಪಡಿಸಬೇಕೆಂದು ಅಮೆರಿಕ 2010ರಲ್ಲಿ ಕಾನೂನು ಮಾಡಿದಾಗ, ತಂಟೆಯೇ ಬೇಡವೆಂದು ಹಲವು ಕಂಪೆನಿಗಳು ಕಾಂಗೋದಿಂದ ಖರೀದಿಸುವುದನ್ನೇ ನಿಲ್ಲಿಸಿದವು. ಅದರ ಹೊಡೆತ ಬಿದ್ದದ್ದು ಅಂದಂದಿನ ಕೂಲಿಯಿಂದ ಒಲೆ ಉರಿಸುವವರ ಮೇಲೆ. ಬೆನ್ನು ತಿರುಗಿಸುವುದೂ ಒಂದು ಬಗೆಯ ಕಿವುಡುತನವೇ. ಇರುವ ಫೋನನ್ನು ದುರಸ್ತಿ ಮಾಡಿಸಿ ಇನ್ನೆರಡು ವರ್ಷ ಬಳಸುವುದು, ಕೆಟ್ಟದ್ದನ್ನು ಮರುಬಳಕೆಗೆ ಕೊಡುವುದು, ಇದರ ಅದಿರು ಎಲ್ಲಿಂದ ಬಂತು, ಅಗೆದವನಿಗೆ ಎಷ್ಟು ಸಿಕ್ಕಿತು ಎಂದು ಮಾರುವವರನ್ನು ಕೇಳುತ್ತಲೇ ಇರುವುದು ನಮ್ಮ ಕೈಯಲ್ಲಿದೆ. ಇವು ಸಣ್ಣ ಕೆಲಸಗಳು. ಆದರೆ ನಮ್ಮ ಪಾಲಿನ ಹೊಣೆ ಇವುಗಳಿಂದಲೇ ಆರಂಭವಾಗುತ್ತದೆ.

ಮರ್ದಿತನ ಮೊರೆಗೂ ಅಲ್ಲಾಹನಿಗೂ ನಡುವೆ ಯಾವ ತೆರೆಯೂ ಇಲ್ಲವೆಂದು ಪ್ರವಾದಿವರ್ಯರು(ಸ) ಎಚ್ಚರಿಸಿದ್ದಾರೆ. ಸದ್ದನ್ನೆಲ್ಲ ನುಂಗುವ ಲೋಹವನ್ನು ಮನುಷ್ಯ ಕಲ್ಪಿಸಬಲ್ಲ. ಆ ಮೊರೆಯನ್ನು ನುಂಗುವ ಲೋಹ ಮಾತ್ರ ಕಥೆಯಲ್ಲೂ ಇಲ್ಲ, ಭೂಮಿಯಲ್ಲೂ ಇಲ್ಲ. ಅದು ತಲುಪಬೇಕಾದಲ್ಲಿಗೆ ತಲುಪಿಯೇ ತಲುಪುತ್ತದೆ. ಅದಕ್ಕೂ ಮೊದಲು ನಮ್ಮ ಕಿವಿಗೆ ಬೀಳುವುದೇ ಎಂಬುದು ನಮಗೆ ಬಿಟ್ಟ ವಿಚಾರ.