ಪರಾಭವ ಮತ್ತ ಬಂತು

ಹಾವೇರಿಯಲ್ಲಿ ಪಶ್ಚಿಮಕ್ಕೆ ಮುಖ ಮಾಡಿದ ಪುರಸಿದ್ಧೇಶ್ವರ ಗುಡಿ. ಬ್ಯಾಡಗಿಯಲ್ಲಿ ಮೆಣಸಿನಕಾಯಿ ಮಾರಿ ಬಂದ ರೈತ. ಶಾಸನ ಓದುವ ಹವ್ಯಾಸದ ನಿವೃತ್ತ ಮಾಸ್ತರು.

ರೈತ: ಅರವತ್ತು ಸಂವತ್ಸರ ಮುಗಿದ ಮ್ಯಾಲೆ ಮತ್ತ ಪ್ರಭವದಿಂದ ಶುರು. ಅಂದ್ರ ಅದ ವರ್ಷ ತಿರುಗಿ ಬಂತೇನ್ರಿ, ಮಾಸ್ತರ?

ಮಾಸ್ತರು: ಹೆಸರು ತಿರುಗಿ ಬರತೈತಿ, ತಮ್ಮಾ. ಆರನೇ ವಿಕ್ರಮಾದಿತ್ಯ 1076ರಾಗ ಪಟ್ಟಕ್ಕ ಬಂದಾಗ ನಳ ಸಂವತ್ಸರ. ಶಕವರ್ಷ ಬದಿಗಿಟ್ಟು ತನ್ನ ಹೆಸರಿಲೆ ಚಾಲುಕ್ಯ ವಿಕ್ರಮ ವರ್ಷ ಎಣಿಸಾಕ ಹಚ್ಚಿದ. 1126ರಾಗ ಅವನ ಆಳಿಕೆ ಮುಗೀತು, ಆವಾಗ ಪರಾಭವ. 2026ರ ಯುಗಾದಿಗೂ ಪರಾಭವನ. ನಡುವ ಹದಿನೈದು ಸುತ್ತು.

ರೈತ: ಅಷ್ಟು ದೊಡ್ಡ ರಾಜನೂ ಸುತ್ತು ಮುರೀಲಿಲ್ಲ ಅನ್ರಿ.

ಮಾಸ್ತರು: ಮುರಿಯಾಕ ಹೋಗಲೂ ಇಲ್ಲ. ಎಣಿಕಿ ತನ್ನದು, ಸಂವತ್ಸರದ ಹೆಸರು ಹಳೇದ. ಎರಡೂ ಬೇಕು. ಬರೇ ‘ಪರಾಭವ’ ಅಂತ ಕೆತ್ತಿದ್ರ 1066ರದೋ, 1126ರದೋ, 1186ರದೋ? ವರ್ಷದ ಅಂಕಿ, ತಿಥಿ, ವಾರ ಕೂಡಿದ್ರ ಲೆಕ್ಕ ಹತ್ತತೈತಿ.

ರೈತ: ಖರೇನ ತಿರುಗಿ ಬರೂ ಕಾಲ ಇದ್ರ? ಅದ ಮಳಿ, ಅದ ಜಗಳ, ಅದ ಸಾವು?

ಮಾಸ್ತರು: ಆವಾಗ ಕೆತ್ತಿದ ಕಲ್ಲೂ ತಿರುಗಿ ಬರೇ ಬಂಡಿ ಆಗತೈತಿ. ‘ಮತ್ತ ಬಂತು’ ಅನ್ನಾಕ ಏನರ ಒಂದು ತಿರುಗದಂಗ ಉಳೀಬೇಕು. ನೆನಪು ಉಳಿದ್ರ ಸುತ್ತು ಸಡಿಲಾತು.

ರೈತ: ಅದನ್ನ ನಾ ಒಪ್ಪೂದಿಲ್ರಿ. ಮೆಣಸಿನಕಾಯಿಗೆ ರೇಟ್ ಬಂದ ವರ್ಷ ನೋಡಿ ಎಲ್ಲಾರೂ ಅದನ್ನ ಹಾಕ್ತಾರ. ಮುಂದ ಸೋಮವಾರ, ಗುರುವಾರ ಬ್ಯಾಡಗಿ ಮಾರ್ಕೆಟ್ ತುಂಬ ಚೀಲ, ರೇಟ್ ನೆಲಕ್ಕ. ಇದನ್ನ ಯಾರೂ ಮರ್ತಿಲ್ಲ. ಮರೀದ ಹಾಕ್ತಾರ!

ಮಾಸ್ತರು: ಗೊತ್ತಿದ್ದೂ ಯಾಕ?

ರೈತ: ಈ ಸಲ ಉಳಿದವರು ಹೆದರಿ ಬಿಡ್ತಾರ ಅಂತ ಒಬ್ಬೊಬ್ಬಂದೂ ಲೆಕ್ಕ. ದೇವರಗುಡ್ಡದ ಕಾರ್ಣಿಕದಾಗ ಗೊರವಯ್ಯ ಬಿಲ್ಲು ಏರಿ ನುಡಿಯೂದು ಒಂದ ಮಾತು. ರಾಣೆಬೆನ್ನೂರು ಮುಟ್ಟೂದ್ರಾಗ ಒಬ್ಬ ರೇಟ್ ಏರತೈತಿ ಅಂತಾನ, ಇನ್ನೊಬ್ಬ ಬೀಳತೈತಿ ಅಂತಾನ.

ಮಾಸ್ತರು: ಹಂಗಾರ ಕಳೆದದ್ದು ನೆನಪಿದ್ರ ಸಾಲದು, ಮಗ್ಗಲ ಹೊಲದಾಂವ ಏನು ಮಾಡ್ತಾನ ಅನ್ನೂದು ಗೊತ್ತಾಗಬೇಕು. ಅದನ್ನ ಯಾವ ಕಲ್ಲೂ ಹೇಳೂದಿಲ್ಲ. ನೀ ಈ ಸಲ ಏನು ಹಾಕ್ತಿ?

ರೈತ: ಗೋವಿನಜೋಳ ಅಂತ ಮಾಡೇನ್ರಿ. ಆದ್ರ ಎಲ್ಲಾರೂ ಗೋವಿನಜೋಳ ಅನ್ನಾಕ ಹತ್ಯಾರ. ಹಂಗಾರ ಮೆಣಸಿನಕಾಯಿನ ಹಾಕೂದು ಚಲೋ ಅಲ್ಲೇನ್ರಿ?