ನದಿಯ ಸ್ತುತಿ, ನದಿಯ ಋಣ

‘ಗಂಗಾಸ್ನಾನ, ತುಂಗಾಪಾನ’ ಎಂಬ ಮಾತು ನಮ್ಮ ಸೀಮೆಯಲ್ಲಿ ಮಕ್ಕಳಿಗೂ ತಿಳಿದಿರುವಂತಹುದು. ಮೀಯುವುದಾದರೆ ಗಂಗೆಯಲ್ಲಿ ಮೀಯಬೇಕು, ಕುಡಿಯುವುದಾದರೆ ತುಂಗೆಯ ನೀರನ್ನು ಕುಡಿಯಬೇಕು ಎಂಬುದು ಅದರ ತಾತ್ಪರ್ಯ. ಎರಡೇ ಪದಗಳ ಈ ನುಡಿಯನ್ನು ಕಾವ್ಯವೆಂದು ಯಾರೂ ಗಣಿಸಿಲ್ಲ. ಆದರೂ ಕಾವ್ಯದ ಮೂಲ ಇದರಲ್ಲಿಯೇ ಇದೆ. ಎಂದೋ ಯಾರೋ ಒಬ್ಬರು ತುಂಗೆಯ ನೀರನ್ನು ಬೊಗಸೆಯಲ್ಲೆತ್ತಿ ಕುಡಿದರು, ಅದರ ಸವಿಯನ್ನು ಕಂಡರು, ಕಂಡದ್ದನ್ನು ಮರೆಯಲಾಗದ ಮಾತಿನಲ್ಲಿ ಹೇಳಿದರು. ಹೇಳಿದವರ ಹೆಸರು ಅಳಿದಿದೆ, ಮಾತು ಉಳಿದಿದೆ. ಆದರೆ ಆ ನೀರು ಬೊಗಸೆಯಲ್ಲೆತ್ತಿ ಕುಡಿಯುವಂತೆ ಉಳಿಯದೇ ಹೋದರೆ ಆ ಮಾತಿನ ಗತಿಯೇನು? ಅದನ್ನು ಇನ್ನೂ ಹೇಳುತ್ತಿರುವ ನಾವು ನುಡಿಯುತ್ತಿರುವುದು ಸತ್ಯವೇ? ಈ ಪ್ರಶ್ನೆಯನ್ನು ಸಜ್ಜನರಾದ ವಾಚಕರೊಡನೆ ವಿಚಾರಮಾಡುವುದೇ ಪ್ರಕೃತ ಲೇಖನದ ಉದ್ದೇಶ.

ನಮ್ಮ ಪೂರ್ವಕವಿಗಳು ಕಣ್ಣುಮುಚ್ಚಿಕೊಂಡು ಪ್ರಕೃತಿಯನ್ನು ವರ್ಣಿಸಿದವರಲ್ಲ. ಕಾಳಿದಾಸನ ಮೇಘದೂತದಲ್ಲಿ ಯಕ್ಷನು ಮೇಘಕ್ಕೆ ದಾರಿ ಹೇಳುವ ಭಾಗವನ್ನು ನೋಡಬಹುದು. ವಿಂಧ್ಯದ ಬುಡದಲ್ಲಿ ಬಂಡೆಗಳ ನಡುವೆ ಒಡೆದು ಹರಿಯುವ ರೇವಾನದಿ, ದಶಾರ್ಣದೇಶದಲ್ಲಿ ತೋಟದ ಬೇಲಿಗಳ ಮೇಲೆ ಬಿರಿಯುವ ಕೇದಗೆ, ಮಾಗಿ ಕಪ್ಪಾದ ನೇರಳೆಯ ಹಣ್ಣು, ವಿದಿಶೆಯ ವೇತ್ರವತಿ, ಉಜ್ಜಯಿನಿಯ ಶಿಪ್ರಾ, ಹೀಗೆ ಒಂದೊಂದೂ ತನ್ನ ತನ್ನ ಸ್ಥಳದಲ್ಲಿ, ತನ್ನ ತನ್ನ ಋತುವಿನಲ್ಲಿ ನಿಂತಿದೆ. ಮಳೆಗಾಲದ ಮೊದಲಲ್ಲಿ ಯಾವುದು ಅರಳುತ್ತದೆ, ಯಾವುದು ಮಾಗುತ್ತದೆ ಎಂಬುದನ್ನು ಬಲ್ಲವನಿಗಲ್ಲದೆ ಅಂತಹ ವರ್ಣನೆ ಸಾಧ್ಯವಿಲ್ಲ.

ನಮ್ಮ ಪರಂಪರೆಯಲ್ಲಿ ಇದಕ್ಕೆ ಶ್ರೇಷ್ಠ ನಿದರ್ಶನ ಶ್ರೀಮದ್ವಾದಿರಾಜತೀರ್ಥರ ತೀರ್ಥಪ್ರಬಂಧ. ಹದಿನಾರನೆಯ ಶತಮಾನದ ಆ ಯತಿವರೇಣ್ಯರು ತಮ್ಮ ತೀರ್ಥಯಾತ್ರೆಯನ್ನೇ ಕಾವ್ಯವಾಗಿಸಿ, ಪಶ್ಚಿಮ, ಉತ್ತರ, ಪೂರ್ವ, ದಕ್ಷಿಣ ಎಂಬ ನಾಲ್ಕು ಪ್ರಬಂಧಗಳಲ್ಲಿ ಭಾರತದ ನದಿಗಳನ್ನೂ ಪರ್ವತಗಳನ್ನೂ ಕ್ಷೇತ್ರಗಳನ್ನೂ ಸ್ತುತಿಸಿದ್ದಾರೆ. ಇದರಲ್ಲಿ ಭಕ್ತಿಯೂ ಇದೆ, ಪಾಂಡಿತ್ಯವೂ ಇದೆ. ಅವೆರಡಕ್ಕೂ ಮೊದಲು, ಹೋಗಿ ನಿಂತು ನೋಡಿದ ಕಣ್ಣಿದೆ. ಜಗತ್ತು ಸತ್ಯ, ಭೇದ ಸತ್ಯ ಎಂಬ ಸಿದ್ಧಾಂತದಲ್ಲಿ ಬೆಳೆದ ಕವಿಗೆ ನದಿಯು ಮನಸ್ಸಿನ ಭ್ರಮೆಯಲ್ಲ. ಅದು ಅಲ್ಲಿದೆ, ಹರಿಯುತ್ತಿದೆ. ತುಂಗೆಯ ನೀರು ಬೇರೆ, ಕಾವೇರಿಯ ನೀರು ಬೇರೆ. ಪ್ರತ್ಯಕ್ಷವನ್ನು ಪ್ರಮಾಣವೆಂದು ಒಪ್ಪಿದವರ ಸ್ತುತಿಯು ಒಂದು ಬಗೆಯ ಸಾಕ್ಷ್ಯವೂ ಆಗಿರುತ್ತದೆ.

ಇಷ್ಟನ್ನೂ ಪಾಠಶಾಲೆಯಲ್ಲಿ ಓದಿದ್ದ ನನಗೆ ಅದರ ಅರ್ಥ ತಿಳಿದದ್ದು ಒಂದು ತಪ್ಪಿನ ಮೂಲಕ.

ನಮ್ಮ ಗ್ರಾಮ ತುಂಗಾತೀರದಲ್ಲಿದೆ. ತೀರ್ಥರೂಪರು ಅಲ್ಲಿಯ ದೇವಸ್ಥಾನದ ಅರ್ಚಕರು. ಪ್ರತಿದಿನ ಬೆಳಗಿನ ಝಾವದಲ್ಲಿ ಮೆಟ್ಟಿಲಿಳಿದು, ಬಿಂದಿಗೆಯಲ್ಲಿ ನೀರು ತುಂಬಿ ತಂದು, ಕಲಶಪೂಜೆಯಲ್ಲಿ ಗಂಗೆ ಮೊದಲುಗೊಂಡು ಕಾವೇರಿಯವರೆಗೆ ಏಳು ನದಿಗಳನ್ನು ಆ ನೀರಿಗೆ ಆಹ್ವಾನಿಸುವುದು ಅವರ ನಿತ್ಯಕ್ರಮ. ಕೆಲವು ವರ್ಷಗಳ ಹಿಂದೆ ಕಾರ್ತಿಕದೀಪೋತ್ಸವಕ್ಕೆಂದು ನಾನು ಊರಿಗೆ ಹೋಗಿದ್ದೆನು. ಉತ್ಸವ ಮುಗಿದ ರಾತ್ರಿ ಗರ್ಭಗುಡಿಯ ಹೊರಗೆ ನಿರ್ಮಾಲ್ಯದ ರಾಶಿಯೇ ಬಿದ್ದಿತ್ತು. ಅದನ್ನೆಲ್ಲ ಒಂದು ಪ್ಲಾಸ್ಟಿಕ್ ಚೀಲಕ್ಕೆ ತುಂಬಿ, ಬಾಯಿ ಕಟ್ಟಿ, ಕತ್ತಲಲ್ಲಿ ನದಿಗೆ ಎಸೆದು ಬಂದೆನು. ನಿರ್ಮಾಲ್ಯವನ್ನು ಹರಿಯುವ ನೀರಿಗೆ ಬಿಡುವುದು ಸಂಪ್ರದಾಯವಷ್ಟೇ ಎಂಬ ಸಮಾಧಾನವೂ ನನಗಿತ್ತು.

ಮರುದಿನ ಬೆಳಗ್ಗೆ ತೀರ್ಥರೂಪರು ಬರಿಯ ಬಿಂದಿಗೆಯನ್ನು ಹಿಡಿದು ಹಿಂದಿರುಗಿದರು. ಇನ್ನೊಂದು ಕೈಯಲ್ಲಿ ನೀರು ತೊಟ್ಟಿಕ್ಕುತ್ತಿದ್ದ ಆ ಚೀಲವಿತ್ತು. ಕೆಳಗಿನ ಮೆಟ್ಟಿಲಿನ ಕಲ್ಲಿಗೆ ಅದು ಸಿಕ್ಕಿಕೊಂಡಿತ್ತಂತೆ. ಅಲ್ಲಿ ಅದೊಂದೇ ಇರಲಿಲ್ಲವೆಂದೂ ತಿಳಿಯಿತು. ಅವರು ಏನನ್ನೂ ಹೇಳದೆ ಬಾವಿಯಿಂದ ನೀರು ಸೇದಿ, ಮಡಿಯುಟ್ಟು, ಎಂದಿನಂತೆ ಪೂಜೆಯನ್ನು ನೆರವೇರಿಸಿದರು. ತೀರ್ಥವನ್ನು ಕೊಡುವಾಗ ಮಾತ್ರ, “ಏಳು ನದಿಗಳನ್ನೂ ಬಾವಿಯ ನೀರಿಗೆ ಕರೆದೆನಪ್ಪಾ. ಎದುರಿಗೇ ಇರುವವಳನ್ನು ಇವತ್ತು ತರಲಾಗಲಿಲ್ಲ” ಎಂದರು. ಚೀಲ ಯಾರದೆಂದು ಕೇಳಲಿಲ್ಲ. ಕೇಳಿದ್ದರೆ ನನಗೆ ಅಷ್ಟು ಭಾರವಾಗುತ್ತಿರಲಿಲ್ಲವೇನೋ.

ಆ ದಿನವೆಲ್ಲ ನನ್ನ ಮನಸ್ಸು ನನ್ನ ಪರವಾಗಿ ವಾದಿಸಿತು. ಕಲಿತ ಶಾಸ್ತ್ರದಿಂದಲೇ ಎರಡು ಯುಕ್ತಿಗಳು ದೊರೆತವು. ಅವನ್ನು ಮುಚ್ಚಿಡದೆ ಇಲ್ಲಿ ನಿವೇದಿಸುತ್ತೇನೆ.

ಮೊದಲನೆಯದು, ಸ್ತುತಿಯೆಂಬುದು ಅರ್ಥವಾದ. ನದಿಯನ್ನು ಅಮೃತವೆಂದು ಹೊಗಳಿದ ಮಾತ್ರಕ್ಕೆ ಅದನ್ನು ಅಕ್ಷರಶಃ ಗ್ರಹಿಸಬೇಕಾಗಿಲ್ಲ. ಕವಿಯ ಅತಿಶಯಕ್ಕೂ ನೀರಿನ ಸ್ಥಿತಿಗೂ ಸಂಬಂಧವಿಲ್ಲ ಎಂಬುದು. ಆದರೆ ಅರ್ಥವಾದದ ಸ್ವರೂಪವನ್ನು ಪೂರ್ತಿಯಾಗಿ ನೆನೆದಾಗ ಈ ಯುಕ್ತಿ ನಿಲ್ಲಲಿಲ್ಲ. ಮೀಮಾಂಸಕರ ಮತದಂತೆ ಅರ್ಥವಾದವು ತನ್ನಷ್ಟಕ್ಕೆ ತಾನು ನಿಲ್ಲುವ ಮಾತಲ್ಲ. ಅದು ವಿಧಿಗೆ ಅಂಗ. ಒಂದು ಕಾರ್ಯದಲ್ಲಿ ನಮ್ಮನ್ನು ತೊಡಗಿಸುವುದಕ್ಕೆ ಹೊಗಳಿಕೆ, ಒಂದರಿಂದ ಹಿಂದೆಗೆಯಿಸುವುದಕ್ಕೆ ನಿಂದೆ. ಹಾಗಾದರೆ ನದಿಯ ಹೊಗಳಿಕೆ ನಮ್ಮನ್ನು ಯಾವ ಕಾರ್ಯಕ್ಕೆ ತೊಡಗಿಸುತ್ತದೆ? ಸ್ನಾನಕ್ಕೆ, ಆಚಮನಕ್ಕೆ, ಅರ್ಘ್ಯಕ್ಕೆ. ನೀರಿನಲ್ಲಿ ಮಲಮೂತ್ರಗಳನ್ನು ಬಿಡಬಾರದು, ಉಗುಳಬಾರದು ಎಂಬ ನಿಷೇಧವು ತೈತ್ತಿರೀಯ ಆರಣ್ಯಕದಲ್ಲಿಯೂ ಇದೆ, ಮನುಸ್ಮೃತಿಯಲ್ಲಿಯೂ ಇದೆ. ಸ್ತುತಿಯನ್ನು ಕಂಠಸ್ಥಮಾಡಿ, ಅದು ಯಾವುದಕ್ಕೆ ಅಂಗವೋ ಆ ವಿಧಿನಿಷೇಧಗಳನ್ನು ಬಿಟ್ಟವನು ಶೇಷವನ್ನು ಹಿಡಿದು ಶೇಷಿಯನ್ನು ಕೈಬಿಟ್ಟಂತಾಯಿತು.

ಎರಡನೆಯ ಯುಕ್ತಿ ಇನ್ನೂ ಸೂಕ್ಷ್ಮವಾದುದು. ಆಸ್ತಿಕರಲ್ಲಿಯೇ ಹೆಚ್ಚಾಗಿ ಕೇಳಿಬರುವಂತಹುದು. ಗಂಗೆ ವಿಷ್ಣುಪಾದದಿಂದ ಉದಿಸಿದವಳು. ಲೋಕದ ಪಾಪವನ್ನೆಲ್ಲ ತೊಳೆಯುವವಳಿಗೆ ನಮ್ಮ ಕೊಳೆ ಅಂಟುವುದೆಂತು? ಇದಕ್ಕೆ ಉತ್ತರ ನಮ್ಮ ಸಿದ್ಧಾಂತದಲ್ಲಿಯೇ ಇದೆ. ಮಣ್ಣು ಮಾತನಾಡಿತು, ನೀರು ಮಾತನಾಡಿತು ಎಂಬ ಅರ್ಥದ ಶ್ರುತಿಗಳನ್ನು ವಿಚಾರಮಾಡುವಲ್ಲಿ ಶ್ರೀಮದಾಚಾರ್ಯರು, ಮಾತನಾಡಿದ್ದು ಜಡವಾದ ಮಣ್ಣುನೀರುಗಳಲ್ಲ, ಅವುಗಳ ಅಭಿಮಾನಿದೇವತೆಗಳು ಎಂದು ನಿರ್ಣಯಿಸಿದ್ದಾರೆ. ಕವಿಯು ‘ತಾಯೇ’ ಎಂದು ನದಿಯನ್ನು ಸಂಬೋಧಿಸುವಾಗ ಅದು ಬರಿಯ ಅಲಂಕಾರವಲ್ಲವೆಂಬುದು ಇದರಿಂದ ಸಿದ್ಧವಾಗುತ್ತದೆ, ಕೇಳುವವಳು ಇದ್ದಾಳೆ. ಅಂತೆಯೇ ಇನ್ನೊಂದೂ ಸಿದ್ಧವಾಗುತ್ತದೆ. ದೇವತೆ ಬೇರೆ, ಅವಳು ಸನ್ನಿಹಿತಳಾಗಿರುವ ಜಲ ಬೇರೆ. ದೇವತೆಗೆ ಕೊಳೆ ಅಂಟದು, ನಿಜ; ಜಲಕ್ಕೆ ಅಂಟುತ್ತದೆ. ಅದನ್ನು ಕುಡಿಯುವ ಹಸುವಿಗೂ, ಅದರಲ್ಲಿ ಬದುಕುವ ಮೀನಿಗೂ, ಕೆಳಗಿನ ಊರಿನ ಮಗುವಿಗೂ ತಾಗುತ್ತದೆ. ಪ್ರತಿಮೆ ಬೇರೆ, ಪ್ರತಿಮಾಂತರ್ಗತನಾದ ಶ್ರೀಹರಿ ಬೇರೆ ಎಂಬುದನ್ನು ಅರಿತ ಅರ್ಚಕನು, ಹರಿಯು ನಿತ್ಯಶುದ್ಧನೆಂದು ಹೇಳಿ ಪ್ರತಿಮೆಯನ್ನು ತೊಳೆಯದೇ ಬಿಡುವುದುಂಟೇ? ದೇವತೆಯ ಪರಿಶುದ್ಧಿಯನ್ನು ನೀರಿನ ಮೇಲೆ ಆರೋಪಿಸಿ ನಿಶ್ಚಿಂತರಾಗುವುದು ಭಕ್ತಿಯಂತೆ ತೋರಿದರೂ ಭೇದಜ್ಞಾನದ ಲೋಪವೇ ಸರಿ.

ಇಲ್ಲಿ ಕಾವ್ಯದ ಮೇಲೆಯೇ ಒಂದು ಆಕ್ಷೇಪವನ್ನು ತರಬಹುದು. ಕವಿಗಳು ಹೊಗಳಿದ ಸ್ಥಳಕ್ಕೇ ಜನರು ಹೆಚ್ಚಾಗಿ ಬರುತ್ತಾರೆ. ಹೆಚ್ಚು ಜನರು ಬಂದಲ್ಲಿ ಹೆಚ್ಚು ಮಾಲಿನ್ಯ. ಹಾಗಾದರೆ ಸ್ತುತಿಯೇ ನದಿಗೆ ಕುತ್ತಾಗಲಿಲ್ಲವೇ? ಈ ಆಕ್ಷೇಪದಲ್ಲಿ ಸತ್ಯಾಂಶವಿದೆಯೆಂದು ಒಪ್ಪಲೇಬೇಕು. ಆದರೆ ಕವಿಯು ಸ್ಥಳದ ಹೆಸರನ್ನಷ್ಟೇ ಕೊಟ್ಟವನಲ್ಲ, ಅದನ್ನು ನೋಡುವ ಬಗೆಯನ್ನೂ ಕೊಟ್ಟಿದ್ದಾನೆ. ನಾವು ಹೆಸರನ್ನು ಇಟ್ಟುಕೊಂಡು ನೋಟವನ್ನು ಬಿಟ್ಟೆವು. ಬಸ್ಸಿನಿಂದಿಳಿದು, ಮುಳುಗಿ, ಉಟ್ಟ ಬಟ್ಟೆಯನ್ನು ನೀರಿನಲ್ಲಿಯೇ ಬಿಟ್ಟು, ಅರ್ಧ ಗಂಟೆಯಲ್ಲಿ ಹೊರಟುಹೋಗುವವನು ನದಿಯನ್ನು ಕಂಡನೆಂದು ಹೇಗೆ ಹೇಳುವುದು?

ಕಂಡವರು ಏನು ಮಾಡಬಲ್ಲರೆಂಬುದಕ್ಕೆ ನಮ್ಮ ನಾಡಿನಲ್ಲಿಯೇ ನಿದರ್ಶನಗಳುಂಟು. ಶ್ರೀವಾದಿರಾಜರ ಬೃಂದಾವನವಿರುವ ಸೋದೆ ಶಿರಸಿ ತಾಲ್ಲೂಕಿಗೆ ಸೇರಿದ್ದು. ಅದೇ ತಾಲ್ಲೂಕಿನ ಸಾಲ್ಕಣಿಯ ಜನರು 1983ರ ಸೆಪ್ಟೆಂಬರಿನಲ್ಲಿ ಕಾಡಿಗೆ ಹೋಗಿ, ಕಡಿಯಲು ಗುರುತುಮಾಡಿದ್ದ ಮರಗಳನ್ನು ಅಪ್ಪಿ ನಿಂತರು. ಅದರಿಂದಲೇ ಆ ಚಳವಳಿಗೆ ‘ಅಪ್ಪಿಕೋ’ ಎಂಬ ಹೆಸರಾಯಿತು. ತುಂಗೆ ಭದ್ರೆಯರ ಉಗಮಪ್ರದೇಶಕ್ಕೆ ಸೇರಿದ ಕುದುರೆಮುಖದ ಕಬ್ಬಿಣದ ಅದಿರಿನ ಗಣಿ, ಜನರ ಬಹುಕಾಲದ ಹೋರಾಟದ ಬಳಿಕ, ಸರ್ವೋಚ್ಚ ನ್ಯಾಯಾಲಯದ 2002ರ ಆದೇಶದಂತೆ 2005ರ ಕೊನೆಗೆ ನಿಂತಿತು. ಇವು ಕಾವ್ಯದ ಫಲವೆಂದರೆ ಅತಿಶಯೋಕ್ತಿಯಾದೀತು. ಆದರೆ ಮರವನ್ನು ಹೆಸರು ಹಿಡಿದು ಬಲ್ಲವರು, ಹಳ್ಳದ ನೀರಿನ ಬಣ್ಣ ಬದಲಾದುದನ್ನು ಗುರುತಿಸಬಲ್ಲವರು ಅಲ್ಲಿದ್ದರು. ಕಾವ್ಯವು ನಮ್ಮಲ್ಲಿ ಬೆಳೆಸಬೇಕಾದ ಕಣ್ಣೂ ಅದೇ.

ಆದುದರಿಂದ ನನಗೆ ತೋರುವುದಿಷ್ಟು. ನದಿಯ ಸ್ತುತಿಯನ್ನು ಹೇಳುವವನು ನದಿಗೆ ಋಣಿಯಾಗುತ್ತಾನೆ. ಪೂರ್ವಕವಿಯು ತಾನು ಕಂಡ ಸತ್ಯವನ್ನು ನುಡಿದು ಹೋದನು. ಆ ಮಾತನ್ನು ಸತ್ಯವಾಗಿ ಉಳಿಸುವ ಹೊಣೆ ಅದನ್ನು ಪಠಿಸುವವರ ಮೇಲಿದೆ. ದೊಡ್ಡ ಊರುಗಳ ಚರಂಡಿಯನ್ನು ನದಿಯಿಂದ ದೂರವಿರಿಸುವುದು ಒಬ್ಬರಿಂದಾಗುವ ಕಾರ್ಯವಲ್ಲ. ಅದನ್ನು ಅಧಿಕಾರಿಗಳಲ್ಲಿ ಕೇಳುವುದು ಎಲ್ಲರಿಂದಲೂ ಆಗತಕ್ಕದ್ದು. ತನ್ನ ಕೈಯಲ್ಲಿರುವ ಚೀಲವನ್ನು ಎಸೆಯದಿರುವುದಂತೂ ಇಂದೇ ಆಗತಕ್ಕದ್ದು.

ಈಗ ನಮ್ಮ ದೇವಸ್ಥಾನದ ಹಿತ್ತಲಿನಲ್ಲಿ, ಯಾರೂ ತುಳಿಯದ ಕಡೆ, ಒಂದು ಗುಂಡಿಯಿದೆ. ದಾರವನ್ನೂ ಪ್ಲಾಸ್ಟಿಕ್ಕನ್ನೂ ಬಿಡಿಸಿ ತೆಗೆದು ನಿರ್ಮಾಲ್ಯವನ್ನು ಅದರಲ್ಲಿ ಹಾಕುತ್ತೇವೆ. ಕೊಳೆತು ಮಣ್ಣಾದದ್ದು ತುಳಸಿಯ ಬುಡಕ್ಕೆ ಹೋಗುತ್ತದೆ, ತುಳಸಿ ಮರಳಿ ದೇವರಿಗೆ ಬರುತ್ತದೆ. ಊರಿಗೆ ಹೋದಾಗ ಆ ಗುಂಡಿಯ ಕೆಲಸ ನನ್ನದು. ತೀರ್ಥರೂಪರು ಬಿಂದಿಗೆ ಹಿಡಿದು ಮೆಟ್ಟಿಲಿಳಿಯುತ್ತಾರೆ. ಕೆಲವು ದಿನ ತುಂಬಿಕೊಂಡು ಬರುತ್ತಾರೆ, ಕೆಲವು ದಿನ ನೀರನ್ನು ನೋಡಿ ಬಾವಿಯ ಕಡೆಗೆ ತಿರುಗುತ್ತಾರೆ. ಮಾತನಾಡುವುದಿಲ್ಲ. ಬಿಂದಿಗೆ ತುಂಬಿ ಬಂದ ದಿನದ ಕಲಶಪೂಜೆಯಲ್ಲಿ ಏಳು ನದಿಗಳ ಹೆಸರನ್ನು ಕೇಳುವಾಗ, ಅವು ನಿಜವಾಗಿಯೂ ಬಂದವೆಂದು ನನಗೆ ತೋರುತ್ತದೆ.

॥ ಶ್ರೀಕೃಷ್ಣಾರ್ಪಣಮಸ್ತು ॥